ಕಪಾಳಮೋಕ್ಷ ಅವರಿಗೊಂದು ಬಹಿರಂಗ ಪತ್ರ

ಮಾನ್ಯ ಕಪಾಳಮೋಕ್ಷ ಅವರೇ,

ನೀವು ಹುಟ್ಟಿದ್ದೀರೋ ಇಲ್ಲವೋ ಎಂಬುದೇ ಇತ್ಯರ್ಥವಾಗಿಲ್ಲ. ಹುಟ್ಟಿದ್ದೇ ಆದರೆ ಎಂಬತ್ತು ದಾಟಿರಬೇಕು. ಆರೋಗ್ಯವಂತೂ ಗಟ್ಟಿಮುಟ್ಟಾಗಿದೆ. ಮೊನ್ನೆ ಮನೆಯಲ್ಲಿ ಹಳೆಯ ಟ್ಯಾಂಗೋ ಹಾಕಿಕೊಂಡು ಕೂತಿದ್ದೆ. ಬಂದಿದ್ದ ಸ್ನೇಹಿತರು ಹಾಡುತ್ತಿರುವುದು ಯಾರೆಂದು ಕೇಳಿದರು. ಲಿಬೆರ್ತಾದ್ ಲಾಮಾರ್ಕೆ ಎಂದೆ. ಹಾಡು ಮುಗಿಯುವ ತನಕವೂ ಕಾಯದೆ, "ಓ, ಎವಿತಾ ಪೆರೋನಳ ಕೆನ್ನೆಗೆ ಬಾರಿಸಿದವಳಲ್ಲವಾ?" ಎಂದುಬಿಟ್ಟರು. ಪಾಪ, ಆ ದನಿ ಹಿಂದೆ ಹಾಡುತ್ತಲೇ ಇತ್ತು.

ಅರವತ್ತಕ್ಕೂ ಹೆಚ್ಚು ಸಿನಿಮಾ, ನೂರಾರು ಧ್ವನಿಮುದ್ರಿಕೆ, ಎಪ್ಪತ್ತು ವರ್ಷ ಮೀರಿದ ದುಡಿಮೆ. ಇಷ್ಟನ್ನೂ ಒಂದು ಪಕ್ಕಕ್ಕೆ ಸರಿಸಿ ಮುಂದಿನ ಸಾಲಿನ ಕುರ್ಚಿಯಲ್ಲಿ ನೀವು ಕೂತಿದ್ದೀರಿ. ಒಂದು ಸೆಕೆಂಡಿನ ಚಾಕರಿಗೆ ಇಷ್ಟು ದೀರ್ಘ ಪಿಂಚಣಿ ಎಣಿಸುತ್ತಿರುವವರು ನಿಮ್ಮನ್ನು ಬಿಟ್ಟರೆ ಬೇರೆ ಯಾರೂ ಇರಲಾರರು. ಅದೂ ಸರ್ವಿಸ್ ರಿಜಿಸ್ಟರಿನಲ್ಲಿ ಹೆಸರಿಲ್ಲದೆ!

ನಿಮ್ಮ ಜಾತಕ ಹುಡುಕಿದೆ. ಜನ್ಮಸ್ಥಳ: ಬ್ಯೂನಸ್ ಐರಿಸ್‌ನಲ್ಲಿ ಮಾರಿಯೋ ಸೊಫಿಸಿ ನಿರ್ದೇಶಿಸುತ್ತಿದ್ದ 'ಲಾ ಕಬಲ್ಗಾತಾ ದೆಲ್ ಸಿರ್ಕೋ' ಸಿನಿಮಾದ ಸೆಟ್ಟು. ಚಿತ್ರ ತೆರೆಗೆ ಬಂದದ್ದು 1945ರಲ್ಲಿ. ಲಿಬೆರ್ತಾದ್ ನಾಯಕಿ. ಸಣ್ಣ ಪಾತ್ರವೊಂದರಲ್ಲಿ ಎವಾ ದುವಾರ್ತೆ ಎಂಬ ಇಪ್ಪತ್ತೈದರ ಆಸುಪಾಸಿನ ಹುಡುಗಿ. ಈಕೆ ಕರ್ನಲ್ ಹುವಾನ್ ಪೆರೋನನ ಗೆಳತಿ, ಮುಂದೆ ಹೆಂಡತಿ, ಆಮೇಲೆ ಇಡೀ ದೇಶದ 'ಎವಿತಾ'. ಹುಡುಗಿ ಸೆಟ್ಟಿಗೆ ತಡವಾಗಿ ಬರುತ್ತಿದ್ದಳಂತೆ. ಗಡಿಯಾರ ನೋಡಿ ಕೆಲಸ ಮಾಡುವ ನಾಯಕಿಗೆ ಸಿಟ್ಟು ನೆತ್ತಿಗೇರಿತಂತೆ. ಮಾತಿಗೆ ಮಾತು ಬೆಳೆಯಿತಂತೆ. ಆಗ ನೀವು ಅವತರಿಸಿದಿರಂತೆ.

ಕನ್ನಡ ವ್ಯಾಕರಣ ಓದಿದವರಲ್ಲ ನೀವು, ಆದ್ದರಿಂದ ತಿಳಿಸುತ್ತಿದ್ದೇನೆ: ನಿಮ್ಮಂಥವರ ಅನುಕೂಲಕ್ಕೆಂದೇ ನಮ್ಮಲ್ಲಿ ಎರಡಕ್ಷರದ ಬಾಲವೊಂದಿದೆ, 'ಅಂತೆ'. ಹೊಡೆದಳು ಎಂದರೆ ಸಾಕ್ಷಿ ಬೇಕು. ಹೊಡೆದಳಂತೆ ಎಂದರೆ ನಾಲಿಗೆ ಇದ್ದರೆ ಸಾಕು. ಜಗಳಕ್ಕೆ ಕಾರಣ ತಡವಲ್ಲ, ಒಂದು ಉಡುಪು ಎನ್ನುವವರಿದ್ದಾರೆ. ಉಡುಪೂ ಅಲ್ಲ, ಒಂದು ಕುರ್ಚಿ ಎನ್ನುವವರೂ ಇದ್ದಾರೆ. 1944ರ ಜನವರಿಯಲ್ಲಿ ಸಾನ್ ಹುವಾನ್ ಪಟ್ಟಣ ಭೂಕಂಪಕ್ಕೆ ನೆಲಸಮವಾದಾಗ ಬ್ಯೂನಸ್ ಐರಿಸ್‌ನ ಲೂನಾ ಪಾರ್ಕ್ ಕ್ರೀಡಾಂಗಣದಲ್ಲಿ ಸಹಾಯಾರ್ಥ ಕಾರ್ಯಕ್ರಮ ನಡೆಯಿತು. ಪೆರೋನನ ಪಕ್ಕದಲ್ಲಿದ್ದ ಲಿಬೆರ್ತಾದ್ ಎದ್ದು ಹೋದ ತಕ್ಷಣ ಆ ಜಾಗದಲ್ಲಿ ಎವಾ ಬಂದು ಕೂತಳಂತೆ, ದೇಶದ ಹಣೆಬರಹ ಅಲ್ಲಿಂದ ಬದಲಾಯಿತಂತೆ. ಎಂಥ ಅಚ್ಚುಕಟ್ಟು ಕಥೆ! ಇದನ್ನು ಬರೆದ ಊರ ಬಾಯಿಗೆ ಚಿತ್ರಕಥೆಯ ಪ್ರಶಸ್ತಿ ಕೊಡಬೇಕಿತ್ತು.

ಮುಖ್ಯ ಸಾಕ್ಷಿ ಏನೆಂದಳು? ಹೊಡೆದಿಲ್ಲ ಎಂದಳು. ಸಂದರ್ಶನಗಳಲ್ಲಿ ಎಂದಳು, ಮುದುಕಿಯಾದ ಮೇಲೂ ಎಂದಳು. ಅಸಮಾಧಾನವಿತ್ತು, ಕೈ ಮಾತ್ರ ಎತ್ತಿಲ್ಲ, ಅಷ್ಟೇ. ಆದರೆ ನೀವು ಅಷ್ಟು ಜನಪ್ರಿಯರಾಗಿದ್ದಾಗ ಆ ಕೈಯ ಒಡತಿಯ ಮಾತು ಯಾರಿಗೆ ಬೇಕು? ಎವಿತಾಳನ್ನು ಕಂಡರಾಗದವರಿಗೆ ತಮ್ಮ ಪರವಾಗಿ ಯಾರೋ ಒಬ್ಬರು ಹೊಡೆದಿರಬೇಕಿತ್ತು. ಆಕೆಯನ್ನು ಪೂಜಿಸುವವರಿಗೆ ಬಡ ಹುಡುಗಿಯನ್ನು ಹೊಡೆದ ಶ್ರೀಮಂತ ನಟಿಯೊಬ್ಬಳು ಬೇಕಿತ್ತು. ಎರಡೂ ಪಕ್ಷಕ್ಕೆ ಒಪ್ಪಿಗೆಯಾದ ಅಭ್ಯರ್ಥಿ ನೀವು, ಅವಿರೋಧ ಆಯ್ಕೆ.

ಶ್ರೀಮಂತ ನಟಿ ಎಂದೆನಲ್ಲ, ಅದರ ಬಗ್ಗೆ ಒಂದು ಮಾತು. ಈಕೆ 1908ರ ನವೆಂಬರ್ 24ರಂದು ರೊಸಾರಿಯೋ ಊರಲ್ಲಿ ಹುಟ್ಟಿದವಳು. ಅಪ್ಪ ತಗಡಿನ ಕೆಲಸದವನು, ಸರ್ಕಾರವೇ ಬೇಡವೆನ್ನುವ ಅರಾಜಕತಾವಾದಿ. ಮಗಳಿಗೆ ಲಿಬೆರ್ತಾದ್ ಎಂದು ಹೆಸರಿಟ್ಟ, ಬಿಡುಗಡೆ ಎಂದರ್ಥ. ಕೆನ್ನೆಯ ಏಟಿನ ಹೆಸರಲ್ಲೂ ಒಂದು ಮೋಕ್ಷ ಇಟ್ಟವರು ನಾವು. ನೀವಿಬ್ಬರೂ ಕೊನೆಗೆ ಒಂದೇ ಅರ್ಥದ ಹೆಸರಿನವರಾಗಿ ಅಂಟಿಕೊಂಡಿರಿ ನೋಡಿ.

ಹದಿಹರೆಯದಲ್ಲೇ ಬ್ಯೂನಸ್ ಐರಿಸ್ ಸೇರಿ 1926ರಲ್ಲಿ ಮೊದಲ ಹಾಡು ಧ್ವನಿಮುದ್ರಿಸಿದಳು. ವಠಾರದ ಬದುಕಿನ ನಾಟಕ 'ಎಲ್ ಕೊನ್ವೆಂತಿಯ್ಯೋ ದೆ ಲಾ ಪಲೋಮಾ'ದಲ್ಲಿ ಹೆಸರು ಮಾಡಿದಳು. 1933ರಲ್ಲಿ ಅರ್ಜೆಂಟೀನಾ ಸಿನಿಮಾ 'ಟ್ಯಾಂಗೋ!' ಚಿತ್ರದ ಮೂಲಕ ನಿಜವಾಗಿ ಬಾಯಿ ಬಿಟ್ಟಾಗ ಆ ಮೊದಲ ದನಿಗಳಲ್ಲಿ ಇವಳದೂ ಒಂದು. 1936ರ 'ಆಯುದಾಮೆ ಆ ವಿವೀರ್'ನಲ್ಲಿ ಹಾಡು ಕಥೆಯ ನಡುವೆ ತುರುಕಿದ ವಿರಾಮವಾಗಿರಲಿಲ್ಲ. ಮಾತಿನಲ್ಲಿ ಆಗದ್ದು ಹಾಡಿನಲ್ಲಿ ಆಗುತ್ತಿತ್ತು. ಆ ಬಗೆಯ ಚಿತ್ರಗಳು ಸ್ಪ್ಯಾನಿಷ್ ಆಡುವ ದೇಶ ದೇಶಗಳಲ್ಲಿ ಓಡಿದವು. ಜನ ಇವಳನ್ನು 'ಅಮೆರಿಕದ ಮದುವಣಗಿತ್ತಿ' ಎಂದರು. ಇತ್ತ ಸ್ವಂತ ಮದುವೆ ಹಳಸಿತ್ತು. ವಿಚ್ಛೇದನಕ್ಕೆ ಕಾನೂನೇ ಇಲ್ಲದ ದೇಶದಲ್ಲಿ ಗಂಡನಿಂದ ಬೇರಾಗಲು ವರ್ಷಗಟ್ಟಲೆ ಒದ್ದಾಡಿದಳು. ಮಗಳನ್ನು ಅವನು ಉರುಗ್ವೆಗೆ ಕರೆದೊಯ್ದಾಗ ಬೆನ್ನಟ್ಟಿ ಹೋಗಿ ಕರೆತಂದಳು. ಸ್ವಾಮಿ, ನೀವು ಅವತರಿಸುವುದಿದ್ದರೆ ಆಗಲೇ ಅವತರಿಸಬಹುದಿತ್ತಲ್ಲ? ಕೆನ್ನೆ ಸಿದ್ಧವಿತ್ತು.

ನಿಮ್ಮಿಂದಲೇ ಆಕೆ ಅರ್ಜೆಂಟೀನಾ ಬಿಟ್ಟಳು ಎಂದು ನಿಮ್ಮ ಅಭಿಮಾನಿಗಳು ಹೇಳುತ್ತಾರೆ. ಪೆರೋನ್ 1946ರಲ್ಲಿ ಅಧ್ಯಕ್ಷನಾದ, ಕೆಲಸದ ಬಾಗಿಲುಗಳು ಮುಚ್ಚಿಕೊಂಡವು, ಆಕೆ ಕ್ಯೂಬಾ, ಮೆಕ್ಸಿಕೋ ಎಂದು ಹೊರಟಳು. ಬಾಗಿಲಿಗೆ ಚಿಲಕ ಹಾಕಿದವರು ಯಾರೆಂಬ ವಾದ ಇನ್ನೂ ಮುಗಿದಿಲ್ಲ. ಆದರೆ ಇನ್ನೊಂದು ಏಟಿನ ಬಗ್ಗೆ ಯಾರೂ ಪಿಸುಗುಡುವುದಿಲ್ಲ, ಏಕೆಂದರೆ ಅದು ಕಚ್ಚಾ ಫಿಲ್ಮಿನ ಲೆಕ್ಕ, ಕೇಳಲು ಮಜವಿಲ್ಲ. ಮಹಾಯುದ್ಧದಲ್ಲಿ ಅರ್ಜೆಂಟೀನಾ ಬಹುಕಾಲ ತಟಸ್ಥವಾಗಿ ಉಳಿಯಿತು. ಮೆಕ್ಸಿಕೋ 1942ರಲ್ಲೇ ಮಿತ್ರಕೂಟ ಸೇರಿತು. ಫಿಲ್ಮ್ ರೀಲಿನ ಉಗ್ರಾಣದ ಬೀಗದಕೈ ಇದ್ದದ್ದು ಅಮೆರಿಕದ ಸೊಂಟದಲ್ಲಿ. ಮೆಕ್ಸಿಕೋಗೆ ರೀಲು, ಯಂತ್ರ, ಹಣ ಹರಿದುಹೋಯಿತು; ಬ್ಯೂನಸ್ ಐರಿಸ್‌ನ ಸ್ಟುಡಿಯೋಗಳು ಅಡಿ ಅಡಿ ಎಣಿಸುವಂತಾಯಿತು. ತಡವಾಗಿ ಬಂದ ನಟಿಯ ಮೇಲೆ ಸಿಟ್ಟು ಬಂದಿದ್ದರೆ ಅದು ಈ ಬರಗಾಲದಲ್ಲಿ ಬಂದ ಸಿಟ್ಟು. ಅರ್ಜೆಂಟೀನಾ ಸಿನಿಮಾದ ಕೆನ್ನೆ ಊದಿಸಿದ ಆ ಏಟಿನ ಮುಂದೆ ನೀವು ಯಾವ ಲೆಕ್ಕ? ಕ್ಷಮಿಸಿ, ಬೇಜಾರು ಮಾಡಿಕೊಳ್ಳಬೇಡಿ.

ಮೆಕ್ಸಿಕೋದಲ್ಲಿ ಆಕೆಗೆ ಸಿಕ್ಕ ಮೊದಲ ನಿರ್ದೇಶಕ ಯಾರು ಗೊತ್ತೆ? ಲೂಯಿಸ್ ಬುನ್ಯುಯೆಲ್. ಕಣ್ಣುಗುಡ್ಡೆಗೆ ಕ್ಷೌರದ ಕತ್ತಿ ಎಳೆಯುವ ದೃಶ್ಯ ತೆಗೆದ ಪುಣ್ಯಾತ್ಮ. ಅವನಿಗೂ ಅದು ಮೆಕ್ಸಿಕೋದ ಮೊದಲ ಚಿತ್ರ. 1947ರ 'ಗ್ರಾನ್ ಕಸೀನೋ'. ತಂಪಿಕೋದ ತೈಲ ಬಾವಿಗಳ ಊರಿಗೆ ಕಾಣೆಯಾದ ಸೋದರನನ್ನು ಹುಡುಕಿ ಬರುವ ಅರ್ಜೆಂಟೀನಾದ ಹೆಣ್ಣು ಇವಳು. ಎದುರಿಗೆ ಹೋರ್ಹೆ ನೆಗ್ರೆತೆ. ಇಬ್ಬರೂ ಹಾಡುಗಾರರು. ಹೀಗಾಗಿ ಬಿಟ್ಟೂಬಿಡದೆ ಹಾಡು, ಕುಸ್ತಿ ಪಂದ್ಯದ ಹಾಗೆ. ಪ್ರೇಮದ ದೃಶ್ಯ ಬಂದಾಗ ಬುನ್ಯುಯೆಲ್‌ಗೆ ಬೇಸರ ಬಂದು ಕ್ಯಾಮೆರಾವನ್ನು ಕೆಳಗೆ, ನಾಯಕ ಕಡ್ಡಿಯಿಂದ ಕಲಕುತ್ತಿದ್ದ ಎಣ್ಣೆಗೆಸರಿನತ್ತ ತಿರುಗಿಸಿದ. ಚಿತ್ರ ಮಕಾಡೆ ಮಲಗಿತು, ನಿರ್ದೇಶಕನಿಗೆ ಎರಡು ವರ್ಷ ಕೆಲಸವಿಲ್ಲದಾಯಿತು. ಲಿಬೆರ್ತಾದ್ ಮಾತ್ರ ಅದೇ ವರ್ಷ 'ಸೊಲೆದಾದ್' ಮಾಡಿ ಗೆದ್ದಳು. ಸುಳ್ಳು ಮದುವೆಯಲ್ಲಿ ಮೋಸಹೋದ ಮನೆಗೆಲಸದವಳು, ದೊಡ್ಡ ಗಾಯಕಿಯಾದರೂ ಹೆತ್ತ ಮಗಳಿಗೆ ಅಮ್ಮನಾಗಲಾರದವಳು.

ಅಲ್ಲಿಂದ ಮುಂದೆ ಅಳುವ ತಾಯಿಯ ಗುತ್ತಿಗೆ ಇವಳದೇ. ನನಗೆ ಆ ಚಿತ್ರಗಳು ಕೆಲವು ಕಡೆ ಜಾಸ್ತಿಯೇ ಎನಿಸುತ್ತವೆ, ಕರವಸ್ತ್ರಕ್ಕೂ ದಣಿವಾಗುತ್ತದೆ. ಆದರೆ ಕಣ್ಣೀರಿನ ನಡುವೆ ಆಕೆ ಹಾಡಲು ಬಾಯಿ ತೆರೆದಾಗ ಆ ತೆಳ್ಳನೆಯ, ಎತ್ತರದ ದನಿ ಎಲ್ಲೂ ಒದ್ದೆಯಾಗಿರುವುದಿಲ್ಲ. ತಾಯಿ ಅಳುತ್ತಾಳೆ, ಹಾಡುಗಾರ್ತಿ ಅಳುವುದಿಲ್ಲ. 1953ರ 'ಆನ್ಸಿಯೆದಾದ್' ನೋಡಿ: ಪೆದ್ರೋ ಇನ್ಫಾಂತೆ ಅದರಲ್ಲಿ ಆಕೆಯ ಗಂಡನೂ ಹೌದು, ಇಬ್ಬರು ಗಂಡುಮಕ್ಕಳೂ ಹೌದು. ಒಬ್ಬನೇ ನಟನಿಗೆ ಮೊದಲು ಹೆಂಡತಿಯಾಗಿ, ಆಮೇಲೆ ಎರಡು ಸಲ ತಾಯಿಯಾಗಿ ನಂಬಿಸುವುದು ಕೆನ್ನೆಗೆ ಹೊಡೆದಷ್ಟು ಸುಲಭವಲ್ಲ. ಆದರೆ ನಟನೆಯ ಮಾತು ಎತ್ತಿದರೆ ನಿಮಗೆ ಆಕಳಿಕೆ ಬರುತ್ತದೆ, ಗೊತ್ತು.

ಎವಿತಾ 1952ರಲ್ಲಿ, ಮೂವತ್ತಮೂರನೆಯ ವಯಸ್ಸಿಗೇ ತೀರಿಕೊಂಡಳು. ಪೆರೋನ್ 1955ರಲ್ಲಿ ಗದ್ದುಗೆ ಕಳೆದುಕೊಂಡ. ಲಿಬೆರ್ತಾದ್ ತವರಿಗೆ ಹೋಗಿ ಬಂದು ಮಾಡಿದಳು, ಅಲ್ಲಿ ಸಿನಿಮಾವನ್ನೂ ಮಾಡಿದಳು, ಆದರೆ ಅಡುಗೆಮನೆ ಮೆಕ್ಸಿಕೋದಲ್ಲೇ ಉಳಿಯಿತು. ಸಿನಿಮಾ ಸೊರಗಿದಾಗ ಟೀವಿ ಧಾರಾವಾಹಿಗೆ ಬಂದಳು. 1998ರಲ್ಲಿ 'ಲಾ ಉಸುರ್ಪಾದೋರಾ'ದ ಕುಡುಕಿ ಅಜ್ಜಿಯಾಗಿ ಮೊಮ್ಮಕ್ಕಳ ಕಾಲದವರಿಗೂ ಪರಿಚಿತಳಾದಳು. 2000ದಲ್ಲಿ ಮಕ್ಕಳ ಧಾರಾವಾಹಿ 'ಕಾರಿತಾ ದೆ ಆಂಹೆಲ್'ನಲ್ಲಿ ಕಾನ್ವೆಂಟಿನ ಹಿರಿಯ ಸನ್ಯಾಸಿನಿ. ತೊಂಬತ್ತೆರಡನೆಯ ವಯಸ್ಸಿನಲ್ಲಿ, ಧಾರಾವಾಹಿ ಇನ್ನೂ ಚಿತ್ರೀಕರಣವಾಗುತ್ತಿರುವಾಗಲೇ, ಡಿಸೆಂಬರ್ 12ರಂದು ತೀರಿಕೊಂಡಳು. ಮೆಕ್ಸಿಕೋದವರಿಗೆ ಅದು ಗ್ವಾದಲೂಪೆ ಮಾತೆಯ ಹಬ್ಬದ ದಿನ. ಕಾನ್ವೆಂಟಿನ ಉಸ್ತುವಾರಿಗೆ ನಟಿ ಸಿಲ್ವಿಯಾ ಪಿನಾಲ್ ಬಂದಳು.

ಪತ್ರಿಕೆಗಳ ಶ್ರದ್ಧಾಂಜಲಿಗೆ ನೀವೂ ಬಂದಿರಿ. ತಡ ಮಾಡಲಿಲ್ಲ.

ಆಕೆಗೊಂದು ಪತ್ರ ಬರೆಯೋಣ ಎಂದೇ ನಾನೂ ಕಾಗದ ತೆಗೆದುಕೊಂಡು ಕೂತದ್ದು. ಮೇಲೆ ನೋಡಿದರೆ, ವಿಳಾಸದ ಜಾಗದಲ್ಲಿ ನಿಮ್ಮ ಹೆಸರು.

ಇತಿ,
ನಿಮ್ಮ ಗಿರಾಕಿಗಳಲ್ಲೊಬ್ಬರು