ಉಳುಮೆಗೆ ಬಾರದ ಆರು ಗುಂಟೆ

ಅನ್‌ಅರಬಲ್ ಅನ್ನೋ ಇಂಗ್ಲಿಷ್ ಪದ ನಮ್ಮ ಚಿಕ್ಕಬಳ್ಳಾಪುರದ ಕಡೆ ಯಾರ ಬಾಯಲ್ಲೂ ಬರುವುದಿಲ್ಲ. ಇಷ್ಟು ವರ್ಷ ಇಂಗ್ಲಿಷ್ ಪಾಠ ಹೇಳಿದ ನಾನೂ ಅದನ್ನು ಬೋರ್ಡಿನ ಮೇಲೆ ಬರೆದವಳಲ್ಲ. ಆದರೂ ಚಿಂತಾಮಣಿಯಿಂದ ಗೌರಿಬಿದನೂರಿನ ತನಕ ಹೊಲ ಇರುವ ಎಷ್ಟೋ ಮನೆಗಳ ಪಹಣಿಯಲ್ಲಿ ಅದು ಬೇರೆ ಹೆಸರು ಹೊತ್ತು ಕೂತಿದೆ. ಅಲ್ಲಿ ಅದರ ಹೆಸರು ಖರಾಬು.

ಮೊನ್ನೆ ಬೇಲಿಯಾಚೆಯ ಅಣ್ಣ ಪಹಣಿ ಹಿಡಿದುಕೊಂಡು ಕೂಗಿದರು. "ಟೀಚರಮ್ಮಾ, ಒಸಿ ಇಲ್ಲಿ ನೋಡಿ. ಮೂರನೇ ಕಾಲಂನಾಗೆ ಒಟ್ಟು 2 ಎಕರೆ 14 ಗುಂಟೆ ಅಂತೈತೆ. ಅದರಾಗೆ ಫೂಟ್ ಖರಾಬು ಅ 4 ಗುಂಟೆ, ಬ 6 ಗುಂಟೆ ಕಳೆದು 2 ಎಕರೆ 4 ಗುಂಟೆ ಉಳಿದದ್ದು ಅಂತ ಬರೆದವ್ರೆ. ನನ್ನ ಮಗ ಅಂತಾನೆ, ಖರಾಬು ಅಂದ್ರೆ ಕೆಟ್ಟಿದ್ದು, ಯಾರಿಗೂ ಬೇಡದ್ದು, ಎಲ್ಲಾ ಸೇರಿಸಿ ಒಂದೇ ಸುತ್ತು ಕಲ್ಲುಕಂಬ ನೆಟ್ಟು ತಂತಿ ಎಳೆಸಿಬಿಡಾಣ ಅಂತ. ಫೋನಿನಾಗೆ ಕಾನೂನೂ ತೋರಿಸಿದ. ಅದೇನೋ ಅನ್‌ಅರಬಲ್ ಅಂತೈತಂತೆ. ಹಂಗಂದ್ರೇನಮ್ಮಾ?"

"ಹುಡುಗ ತೋರಿಸಿದ್ದು ಸರಿಯಾದ ಕಡೆಯೇ ಅಣ್ಣಾ, ಪೂರ್ತಿ ಓದಿಲ್ಲ ಅಷ್ಟೆ" ಅಂದೆ. ಅವರು ಕಟ್ಟೆಯ ಮೇಲೆ ಕೂತರು. ಬೀಡಿ ಹಚ್ಚಿದರು ಅಂದರೆ ಮಾತು ಉದ್ದ ಹೋದರೂ ಪರವಾಗಿಲ್ಲ ಅಂತ ಅರ್ಥ.

ಅರಬಲ್ ಅಂದರೆ ನೇಗಿಲು ಹೂಡಿ ಉಳಬಹುದಾದದ್ದು. ಉಳು ಅನ್ನುವ ಅರ್ಥದ ಲ್ಯಾಟಿನ್ ಧಾತುವಿನಿಂದ ಬಂದ ಪದ. ಅದರ ಮೊದಲಿಗೆ ಅನ್ ಸೇರಿದರೆ ಉಳಲಿಕ್ಕೆ ಆಗದ್ದು. ಆ ಪದ ಹೇಳುವುದು ಅಷ್ಟೇ. ನೇಗಿಲಿಗೆ ಸಿಗುತ್ತದೋ ಇಲ್ಲವೋ ಅನ್ನುವ ಒಂದೇ ಪ್ರಶ್ನೆಗೆ ಅದು ಉತ್ತರ. ದನ ಮೇಯುತ್ತದೋ, ನೀರು ಹರಿಯುತ್ತದೋ, ಊರವರು ಓಡಾಡುತ್ತಾರೋ ಅನ್ನುವುದನ್ನು ಅದು ಕೇಳಿಯೇ ಇಲ್ಲ. ಈಗಿನ ಇಂಗ್ಲಿಷಿನಲ್ಲಿ ಬರೆಯುವವರು ಹೆಚ್ಚಾಗಿ ನಾನ್‌ಅರಬಲ್ ಅಂತಾರೆ. ಅನ್‌ಅರಬಲ್ ಅನ್ನುವ ಈ ರೂಪ ನಮ್ಮಂಥವರಿಗೆ ಎದುರಾಗುವುದು ಕಂದಾಯದ ನಿಯಮಗಳಲ್ಲಿ.

ಅಧಿಕೃತ ಕಾಗದಗಳಲ್ಲೂ ಈ ಪದದ ಅರ್ಥ ಎರಡು ಕಡೆಗೆ ಎಳೆದಾಡುತ್ತದೆ. ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ ಲೆಕ್ಕದಲ್ಲಿ ಅರಬಲ್ ಅಂದರೆ ವರ್ಷ ವರ್ಷ ಬಿತ್ತಿ ಕೊಯ್ಯುವ ಭೂಮಿ, ಜೊತೆಗೆ ಐದು ವರ್ಷದೊಳಗೆ ಬೀಳು ಬಿಟ್ಟದ್ದು. ಬಹುಕಾಲ ನಿಲ್ಲುವ ಬೆಳೆಗೆ ಬೇರೆ ಕಾಲಂ. ಆ ಲೆಕ್ಕಕ್ಕೆ ಚಿಂತಾಮಣಿಯ ಮಾವಿನ ತೋಪು ಅರಬಲ್ ಅಲ್ಲ, ನಂದಿಯ ಬುಡದ ದ್ರಾಕ್ಷಿ ತೋಟವೂ ಅಲ್ಲ. ಉಳಲಿಕ್ಕೆ ಆಗುವ ಭೂಮಿಯೆಲ್ಲ ಎಷ್ಟು ಅಂತ ತಿಳಿಯಲು ಈ ಅಂಕಿ ನೋಡಬೇಡಿ ಅಂತ ಆ ಸಂಸ್ಥೆಯೇ ಎಚ್ಚರಿಸುತ್ತದೆ. ಒಂದು ಕಡೆ ಈಗ ಉಳುತ್ತಿಲ್ಲ ಅನ್ನುವ ಅರ್ಥ, ಇನ್ನೊಂದು ಕಡೆ ಉಳಲಿಕ್ಕೇ ಆಗದು ಅನ್ನುವ ಅರ್ಥ. ಅಣ್ಣನ ಪಹಣಿಯಲ್ಲಿರುವುದು ಎರಡನೆಯದು.

"ಹಂಗಾದ್ರೆ ಖರಾಬು ಅಂತ ಯಾಕಿಟ್ರು? ನಮ್ಮಲ್ಲಿ ಖರಾಬು ಮನುಷ್ಯ ಅಂದ್ರೆ ಕೆಟ್ಟೋನು ತಾನೆ?"

ಅದು ಬೊಂಬಾಯಿ ಕಡೆಯಿಂದ ಬಂದದ್ದು. ಬೌರಿಂಗ್ ಕಮಿಷನರಾಗಿದ್ದ ಕಾಲದಲ್ಲಿ, 1863ರಲ್ಲಿ, ಮೈಸೂರು ಸೀಮೆಗೆ ಬೊಂಬಾಯಿ ಮಾದರಿಯ ಸರ್ವೆ ಬಂತು. ಅದರ ಜೊತೆ ಮರಾಠಿ ಕಚೇರಿಯ ಮಾತುಗಳೂ ಬಂದವು. ಮರಾಠಿಯಲ್ಲಿ ಪೋಟ್ ಅಂದರೆ ಹೊಟ್ಟೆ; ಒಂದರ ಒಳಗಿನ ಭಾಗ ಅನ್ನುವುದಕ್ಕೂ ಅದನ್ನೇ ಹಚ್ಚುತ್ತಾರೆ. ಹೊಲದ ಹೊಟ್ಟೆಯೊಳಗಿನ ಖರಾಬು ಪೋಟ್ ಖರಾಬು, ನಮ್ಮ ಬಾಯಲ್ಲಿ ಫೂಟ್ ಖರಾಬು. ಮಹಾರಾಷ್ಟ್ರದ ರೈತರ ಸಾತ್‌ಬಾರಾದಲ್ಲಿ ಇವತ್ತಿಗೂ ಅದೇ ಪದ ಇದೆ.

ಆಗ ಸರ್ವೆಯವರು 33 ಅಡಿಯ ಸರಪಳಿ ಹಿಡಿದು ಹೊಲ ಅಳೆಯುತ್ತಿದ್ದರು. ಮಣ್ಣಿನ ಆಳ, ಬಣ್ಣ, ದೋಷ ನೋಡಿ ಆಣೆ ಲೆಕ್ಕದಲ್ಲಿ ದರ್ಜೆ ಕಟ್ಟುತ್ತಿದ್ದರು. ಆ ದರ್ಜೆಯ ಮೇಲೆ ಕಂದಾಯ. ನಡುವೆ ಬಂಡೆ ಇದ್ದರೆ, ಕಾಲುವೆ ಹಾದಿದ್ದರೆ, ಅಷ್ಟು ಜಾಗಕ್ಕೆ ರೈತನಿಂದ ಕಂದಾಯ ಕೇಳಬಾರದು ಅಂತ ಅದನ್ನು ಅಳೆದು ಕಳೆದರು. ನನಗೆ ಇದರಲ್ಲಿ ತುಂಬಾ ಮುಖ್ಯ ಅನ್ನಿಸುವುದು ಇದೇ. ರೈತನ ಹೊರೆ ಇಳಿಸಲಿಕ್ಕೆ ಮಾಡಿದ ಕಳೆಯುವ ಲೆಕ್ಕವದು. ಕಾಲ ಕಳೆದಂತೆ ಲೆಕ್ಕ ಮರೆತು ಹೆಸರು ಮಾತ್ರ ಉಳಿಯಿತು. ಹೆಸರು ಕೇಳಿದವರೆಲ್ಲ ಆ ನೆಲವೇ ಕೆಟ್ಟದ್ದು ಅಂದುಕೊಂಡರು.

"ಸರಿ, ಅ ಯಾವುದು, ಬ ಯಾವುದು?"

ಕರ್ನಾಟಕ ಭೂಕಂದಾಯ ನಿಯಮಗಳು 1966, ಅದರ 21ನೇ ನಿಯಮ. ಫೋನಿನಲ್ಲೇ ತೆಗೆದು ಓದಿ ಹೇಳಿದೆ. ಸರ್ವೆ ಕಾಲಕ್ಕೆ ವ್ಯವಸಾಯಕ್ಕೆ ತಕ್ಕದ್ದಲ್ಲ ಅಂತ ಕಂಡದ್ದು, ಹಿಡುವಳಿದಾರನ ಹೊಲದ ಕಟ್ಟಡ, ಕಣ, ಇವೆಲ್ಲ ಅ. ಅದು ಹಿಡುವಳಿದಾರನ ಕೈಯಲ್ಲೇ ಇರುತ್ತದೆ. ಬ ಅನ್ನುವುದು ಬೇರೆ ಜಾತಿ. ಸಾರ್ವಜನಿಕ ಕೆಲಸಕ್ಕೆ ಬಿಟ್ಟ ಜಾಗ, ರಸ್ತೆ, ರೂಢಿಯ ಕಾಲುದಾರಿ, ಹಿಡುವಳಿದಾರನಲ್ಲದೆ ಬೇರೆಯವರೂ ಬಳಸುವ ಕೆರೆ, ಹಳ್ಳ, ಸ್ಮಶಾನ, ಕೊನೆಗೆ ಊರಿನ ಕುಂಬಾರಿಕೆಗೆ ಬಿಟ್ಟ ನೆಲ. ಕುಂಬಾರರ ಮಣ್ಣಿನ ಗುಂಡಿಯನ್ನೂ ನೆನಪಿಟ್ಟು ಬರೆದಿದ್ದಾರಲ್ಲ ಅಂತ ಓದುವಾಗಲೆಲ್ಲ ನನಗೆ ಸಂತೋಷವಾಗುತ್ತದೆ. ಬ ಖರಾಬಿನಲ್ಲಿ ಕೆಲವು ನೆಲ ಹದವಾಗಿಯೇ ಇರಬಹುದು, ನೇಗಿಲು ಇಳಿದರೆ ರಾಗಿ ಬಂದೀತು. ಅಲ್ಲಿ ಉಳಲಾಗದು ಅನ್ನುವುದಕ್ಕೆ ಉಳಬಾರದು ಅಂತ ಅರ್ಥ. ಒಂದೇ ಇಂಗ್ಲಿಷ್ ಪದದ ಕೆಳಗೆ ಬಂಡೆಯನ್ನೂ ಬಂಡಿದಾರಿಯನ್ನೂ ಹಾಕಿದ್ದರಿಂದಲೇ ಇಷ್ಟು ಗೊಂದಲ.



ಅಣ್ಣನ ಹೊಲದ ಅ ಖರಾಬು ನಾನು ನೋಡಿದ್ದೇನೆ. 4 ಗುಂಟೆಯ ಹಾಸುಬಂಡೆ. ಮೇಲುಗಡೆ ಒರಳಿನ ಹಾಗೆ ಕುಟ್ಟಿ ಕುಟ್ಟಿ ನುಣುಪಾದ ಎರಡು ಗುಳಿ ಇವೆ. ಯಾವ ಕಾಲದವರು ಕುಟ್ಟಿದರೋ. ಪಕ್ಕದಲ್ಲಿ ಮೊಳದುದ್ದದ ದೊಣೆ. ಹಿಂಗಾರು ಸರಿಯಾಗಿ ಬಿದ್ದ ವರ್ಷ ಅದರಲ್ಲಿ ಬಹಳ ದಿನ ನೀರು ನಿಂತು, ಮೇಯಲು ಬಂದ ಕುರಿಮೇಕೆಗೆ ಆಗುತ್ತದೆ. ಸಂದಿನಲ್ಲಿ ಒಂದು ಹಿಡಿ ಮಣ್ಣಿದ್ದ ಕಡೆ ತುಂಬೆ ಗಿಡ ಎದ್ದಿರುತ್ತದೆ. ಮಾಗಿಯಲ್ಲಿ ಅವರೆ, ಹುರುಳಿ ಹರಡಿ ಬಡಿಯುತ್ತಾರೆ. ಶಿವರಾತ್ರಿಯ ಆಸುಪಾಸಿಗೆ ಅತ್ತಿಗೆ ಹುಣಸೆಹಣ್ಣು ತಂದು ಸುರಿಯುತ್ತಾರೆ. ಕಾದ ಬಂಡೆಯ ಮೇಲೆ ಬಿದ್ದ ಹುಣಸೆ ಸಂಜೆಗೆ ಬೆರಳಿನಲ್ಲಿ ಒತ್ತಿದರೆ ಸಾಕು, ತೊಗಟೆ ಪಟಪಟ ಬಿಟ್ಟುಕೊಳ್ಳುತ್ತದೆ. ಟಾರ್ಪಾಲು ಹಾಸಿ ಒಣಗಿಸಿದ್ದಕ್ಕೆ ಅಷ್ಟು ಬೇಗ ಬಿಡುವುದಿಲ್ಲ ಅಂತ ಅತ್ತಿಗೆಯೇ ಹೇಳಿದ್ದು. ಹೊಲದಲ್ಲಿ ವರ್ಷವೆಲ್ಲ ಕೆಲಸಕ್ಕೆ ಬರುವ ತುಂಡು ಅದೊಂದೇ.

"ಅದೇನೋ ಸರಿ" ಅಂದರು ಅಣ್ಣ. "ಶಿಡ್ಲಘಟ್ಟದ ನಮ್ಮ ಬೀಗರು ಅಂಥಾ ಬಂಡೆ ಅಂಚನ್ನೇ ಜೆಸಿಬಿ ತರಿಸಿ ಒಡೆಸಿ, ಕೆರೆಗೋಡು ಹೊಡೆಸಿ ವಿ-1 ಹಿಪ್ಪುನೇರಳೆ ಕಡ್ಡಿ ನೆಟ್ಟವ್ರೆ. ಸೊಪ್ಪು ನೋಡಬೇಕು ನೀವು, ಹಸ್ರಗೆ ನಿಂತೈತೆ. ಪಹಣಿನಾಗೆ ಇನ್ನೂ ಖರಾಬು ಅಂತಲೇ ಐತೆ."

ಇದಕ್ಕೆ ಉತ್ತರ ನಿಯಮದಲ್ಲೇ ಇದೆ. ಸರ್ವೆ ಕಾಲಕ್ಕೆ ಅನ್ನುವ ಮಾತನ್ನು ಅಲ್ಲಿ ಸುಮ್ಮನೆ ಬರೆದಿಲ್ಲ. ಆವತ್ತಿನ ಎತ್ತು, ಆವತ್ತಿನ ನೇಗಿಲು, ಆವತ್ತಿನ ಮಣ್ಣು ನೋಡಿ ಬರೆದ ಮಾತದು. ಜೆಸಿಬಿಯೂ ಡ್ರಿಪ್ಪೂ ಕೊಳವೆಬಾವಿಯೂ ಬರುವುದಕ್ಕೆ ಎಷ್ಟೋ ಮುಂಚೆ ಬರೆದದ್ದು. ಸೊಪ್ಪಿನ ತೋಟಕ್ಕೆ ನೆಲ ಹದ ಮಾಡಿಕೊಂಡ ಬೀಗರ ಶ್ರಮ ದೊಡ್ಡದು, ನಾನು ಅದನ್ನು ಕಡಿಮೆ ಅನ್ನುವುದಿಲ್ಲ. ತಲೆಕೆಳಗಾದದ್ದೂ ಇದೆ. ಹೆದ್ದಾರಿ ಬದಿಯಲ್ಲಿ ಒಳ್ಳೆಯ ಕೆಂಪುಮಣ್ಣಿನ ಹೊಲಗಳು ಸೈಟಾಗಿ, ಜಲ್ಲಿ ಸುರಿದು, ಕಲ್ಲು ನೆಟ್ಟು ಕೂತಿವೆ. ಅಲ್ಲಿ ಇನ್ನು ನೇಗಿಲು ಇಳಿಯುವುದಿಲ್ಲ. ಹಳೆಯ ಸರ್ವೆ ಕಾಗದದಲ್ಲಿ ಮಾತ್ರ ಅವು ಇಂದಿಗೂ ಒಳ್ಳೆಯ ದರ್ಜೆಯ ಮಣ್ಣು.

ಆದರೆ ಬೀಗರು ಒಡೆಸಿದ್ದು ಅ. ಅಣ್ಣನ ಮಗನ ತಂತಿ ಬರುತ್ತಿರುವುದು ಬ ಮೇಲೆ.

"6 ಗುಂಟೆ ಅಂದರೆ ಎಷ್ಟು ಜಾಗ ಹೇಳಿ ಅಣ್ಣಾ" ಅಂದೆ. ಗುಂಟೆಗೆ 33 ಅಡಿ ಉದ್ದ, 33 ಅಡಿ ಅಗಲ, ಅಂದರೆ 1089 ಚದರಡಿ. ಆರಕ್ಕೆ 6534. ಅದನ್ನು 12 ಅಡಿ ಅಗಲದ ಪಟ್ಟಿ ಮಾಡಿ ಎಳೆದರೆ ಸುಮಾರು 540 ಅಡಿ ಉದ್ದ ಹೋಗುತ್ತದೆ. ಅಣ್ಣ ತಲೆಯೆತ್ತಿ ಹೊಲದ ಕಡೆ ನೋಡಿದರು. ಹೊಂಗೆ ಮರದಿಂದ ಕೆಳಗಿನ ಗಟ್ಟಿನ ತನಕ ಹೆಚ್ಚುಕಡಿಮೆ ಅಷ್ಟೇ ದೂರ. ಅಲ್ಲೇ ಹಳೆಯ ಕಾಲುವೆ. ಈಗ ಜಾಲಿಯೂ ಲಂಟಾನವೂ ಬೆಳೆದು, ಕಾಲುವೆ ಅಂತ ಗೊತ್ತಿದ್ದವರಿಗೆ ಮಾತ್ರ ಕಾಣುತ್ತದೆ.

ನಮ್ಮ ಸೀಮೆಯಲ್ಲಿ ಕಾಲುವೆಯ ವಿಷಯ ಹಗುರವಾಗಿ ಮಾತಾಡುವಂಥದ್ದಲ್ಲ. ಪಿನಾಕಿನಿ, ಚಿತ್ರಾವತಿ, ಅರ್ಕಾವತಿ ಎಲ್ಲ ನಂದಿಯ ಸುತ್ತಿನ ಬೆಟ್ಟಗಳಲ್ಲೇ ಹುಟ್ಟುತ್ತವೆ ಅಂತ ಮಕ್ಕಳಿಗೆ ಪಾಠ ಹೇಳುತ್ತೇವೆ. ವರ್ಷವೆಲ್ಲ ಹರಿಯುವ ಹೊಳೆ ಮಾತ್ರ ಒಂದೂ ಇಲ್ಲ. ಇರುವುದು ಕೆರೆ. ಮೇಲಿನ ಕೆರೆ ಕೋಡಿ ಬಿದ್ದರೆ ಕೆಳಗಿನದಕ್ಕೆ ನೀರು, ಅದು ಕೋಡಿ ಬಿದ್ದರೆ ಅದರ ಕೆಳಗಿನದಕ್ಕೆ. ಈ ಸಾಲು ಹೊಲಗಳ ಹೊಟ್ಟೆಯೊಳಗಿನ ಬ ಖರಾಬಿನ ಮೂಲಕವೇ ಹಾದು ಹೋಗುತ್ತದೆ. ಒಬ್ಬರ ಸರ್ವೆ ನಂಬರಿನಲ್ಲಿ 6 ಗುಂಟೆ, ಪಕ್ಕದವರದರಲ್ಲಿ 3, ಆಚೆಯವರದರಲ್ಲಿ 9. ಬಿಡಿಬಿಡಿಯಾಗಿ ನೋಡಿದರೆ ಪ್ರತಿಯೊಂದೂ ಲೆಕ್ಕಕ್ಕೆ ಬಾರದ ಚೂರು. ನಡುವೆ ಒಂದು ಚೂರು ಮುಚ್ಚಿದರೂ ಕೆಳಗಿನ ಕೆರೆಗೆ ನೀರಿಲ್ಲ.

ಈಗ ಬೆಂಗಳೂರಿನ ಹೆಬ್ಬಾಳ, ನಾಗವಾರ ಕಣಿವೆಯ ಸಂಸ್ಕರಿಸಿದ ನೀರನ್ನು ಪಂಪು ಮಾಡಿ ಕಂದವಾರ ಕೆರೆಗೂ ಇತರ ಕೆರೆಗಳಿಗೂ ತುಂಬಿಸುತ್ತಿದ್ದಾರೆ. ಅಷ್ಟು ದೂರದಿಂದ ಪೈಪು ಹಾಕಿ ನೀರು ತಂದ ಜಿಲ್ಲೆಯಲ್ಲಿ ತಲೆಯ ಮೇಲೆ ಬಿದ್ದ ಮಳೆ ಕೆರೆ ಸೇರುವ ದಾರಿಗೆ ತಂತಿ ಎಳೆಯುವುದು ನನಗೆ ಸಹಿಸಲಾಗದ ಸಂಗತಿ. 2021ರ ನವೆಂಬರಿನ ಮಳೆ ಅಣ್ಣನಿಗೂ ನೆನಪಿದೆ. ಬಹಳ ವರ್ಷದ ಮೇಲೆ ಕೆರೆಗಳು ಕೋಡಿ ಬಿದ್ದವು. ಜನ ಬಾಗಿನ ಕೊಟ್ಟರು. ಅದೇ ವಾರ ತಗ್ಗಿನ ಬಡಾವಣೆಗಳಿಗೆ ನೀರು ನುಗ್ಗಿತು. ನೀರು ಹಳೆಯ ದಾರಿ ಹುಡುಕಿಕೊಂಡು ಬಂದಿತ್ತು.

"ಯಾರು ಕೇಳ್ತಾರೆ ಅಂತಾನಮ್ಮಾ ನನ್ನ ಮಗ."

ಕೇಳುತ್ತಾರೆ. 2011ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಪಂಜಾಬಿನ ಒಂದು ಹಳ್ಳಿಯ ಕುಂಟೆಯ ಒತ್ತುವರಿ ಮೊಕದ್ದಮೆಯಲ್ಲಿ, ಜಗಪಾಲ್ ಸಿಂಗ್ ಕೇಸು ಅಂತಾರೆ, ಊರೊಟ್ಟಿನ ಜಾಗಗಳ ಒತ್ತುವರಿ ತೆರವು ಮಾಡಿಸಲು ಎಲ್ಲ ರಾಜ್ಯಗಳೂ ಯೋಜನೆ ಮಾಡಬೇಕು ಅಂತ ಹೇಳಿತು. ಮನೆ ಕಟ್ಟಿ ದುಡ್ಡು ಸುರಿದಿದ್ದೇನೆ ಅನ್ನುವ ವಾದವನ್ನೂ ಒಪ್ಪಲಿಲ್ಲ. ಆದರೆ ಅಣ್ಣನಿಗೆ ಕೋರ್ಟಿನ ಹೆದರಿಕೆ ಹುಟ್ಟಿಸುವುದು ನನಗೆ ಬೇಕಿರಲಿಲ್ಲ. ಕೆಳಗಿನ ಕೆರೆಯ ಅಚ್ಚುಕಟ್ಟಿನಲ್ಲಿ ಅವರ ತಂಗಿಯ ಮನೆಯವರದೇ ಗದ್ದೆ ಇದೆ. ಅದನ್ನು ನೆನಪಿಸಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಾಗಿ, "ಅದು ಹೌದು" ಅಂದರು.

ಪಹಣಿಯಲ್ಲಿ ಖರಾಬು ಎಷ್ಟು ಅಂತ ಇರುತ್ತದೆಯೇ ಹೊರತು ಎಲ್ಲಿ ಅಂತ ಇರುವುದಿಲ್ಲ. ಎಲ್ಲಿ ಅನ್ನುವುದಕ್ಕೆ ಸರ್ವೆ ಕಚೇರಿಯ ಹಳೆಯ ಟಿಪ್ಪಣಿ ನೋಡಬೇಕು, ಗ್ರಾಮ ನಕ್ಷೆ ನೋಡಬೇಕು, ಆಕಾರಬಂದ್ ಜೊತೆ ವಿಸ್ತೀರ್ಣ ತಾಳೆ ಹಾಕಬೇಕು. ಬೇಲಿ ಹಾಕುವ ಮುಂಚೆ ಹದ್ದುಬಸ್ತಿಗೆ ಅರ್ಜಿ ಕೊಟ್ಟು ಅಳೆಸಿಕೊಂಡರೆ ಕಂಬ ಎಲ್ಲಿ ನೆಡಬೇಕು ಅನ್ನುವ ಜಗಳವೇ ಇರುವುದಿಲ್ಲ. ಕಾಲುವೆಯ ಈಚೆಗೊಂದು ಸಾಲು, ಆಚೆಗೊಂದು ಸಾಲು ಕಂಬ ನೆಟ್ಟರೆ ಖರ್ಚು ಸ್ವಲ್ಪ ಜಾಸ್ತಿಯಾದೀತು. ಹುಡುಗನ ತಕರಾರು ಇರುವುದೂ ಆ ಖರ್ಚಿನಲ್ಲೇ, ಅದನ್ನು ನಾನು ಅಲ್ಲಗಳೆಯಲಿಲ್ಲ.

ಅಣ್ಣ ಬೀಡಿ ಆರಿಸಿ ಎದ್ದು ನಿಂತರು. "ನಾನೊಬ್ಬ ಬಿಟ್ಟರೆ ಏನಾಯ್ತು ಟೀಚರಮ್ಮಾ? ಕೆಳಗಿನ ನಂಬರಿನೋನು ಹೋದ ವರ್ಷವೇ ಕಾಲುವೆ ಸಮ ಮಾಡಿ ಟೊಮೆಟೊ ಹಾಕವ್ನೆ. ಅವನದು ಅಳೆಯದೆ ನನ್ನದು ಅಳೆದರೆ ನೀರು ಅಲ್ಲಿಗೇ ನಿಲ್ಲಲ್ವಾ?"

ಅವರು ಹೇಳಿದ್ದು ನ್ಯಾಯ. ಹೊಂಗೆ ಮರದಿಂದ ಕೆರೆಯ ತನಕ ಎಷ್ಟು ನಂಬರು ಅಂತ ಇಬ್ಬರೂ ಬೆರಳು ಮಡಚಿ ಎಣಿಸಿದೆವು. ನಾಲ್ಕು ಮನೆಯವರದು. ನಾಲ್ವರ ಸಹಿ ಹಾಕಿಸಿ, ಇಡೀ ಕಾಲುವೆ ಅಳೆದು ಗುರುತು ಹಾಕಿಕೊಡಿ ಅಂತ ತಹಶೀಲ್ದಾರರಿಗೆ ಒಂದೇ ಅರ್ಜಿ ಕೊಡುವುದು ಅಂತ ಮಾತಾಯಿತು. ಅರ್ಜಿ ನಾನು ಬರೆಯುತ್ತೇನೆ, ಕನ್ನಡದಲ್ಲೇ. ಟೊಮೆಟೊ ಹಾಕಿದವನ ಮನೆಗೆ ಮಾತ್ರ ಅಣ್ಣನೇ ಮೊದಲು ಹೋಗಬೇಕಂತೆ. ಅವನು ವರಸೆಯಲ್ಲಿ ಅಳಿಯ, ನೀವು ಮುಂದೆ ನಿಂತರೆ ಮುನಿಸಿಕೊಂಡಾನು ಅಂದರು.