ನಷ್ಟವಿಲ್ಲದ ಗದ್ದಲ

ಕರ್ಣಕಠೋರವಾದ ಧ್ವನಿಯನ್ನು, ಅದರ ಕಾಠಿನ್ಯದಲ್ಲಿ ಎಳ್ಳಷ್ಟೂ ಲೋಪವಾಗದಂತೆ ಆಲಿಸಬೇಕೆಂದು ಕೈಗಂಟು ಕರಗಿಸುವವನನ್ನು ಲೋಕವು ಯಾವ ಹೆಸರಿನಿಂದ ಕರೆಯುವುದೆಂಬುದನ್ನು ನಾನು ಬಲ್ಲೆ; ನಮ್ಮ ಮನೆಯಲ್ಲಿ ಆ ಹೆಸರು ವಾರಕ್ಕೆರಡು ಬಾರಿಯಾದರೂ ಕೇಳಿಬರುತ್ತದೆ.

ಈ ವ್ಯಸನಕ್ಕೆ ಮೂಲ ಅಮೆರಿಕದ ನೈನ್ ಇಂಚ್ ನೇಲ್ಸ್ ಎಂಬ ಸಂಗೀತತಂಡ. ಕ್ಲೀವ್‌ಲ್ಯಾಂಡ್ ನಗರದ ಸ್ಟುಡಿಯೊ ಒಂದರಲ್ಲಿ ಕಸ ಗುಡಿಸುವುದೇ ಮೊದಲಾದ ಚಿಲ್ಲರೆ ಕೆಲಸ ಮಾಡಿಕೊಂಡು, ಅಲ್ಲಿನ ಯಂತ್ರಗಳು ಬಿಡುವಾಗಿದ್ದಾಗ ಅವುಗಳಲ್ಲೇ ತನ್ನ ಹಾಡುಗಳ ಕರಡನ್ನು ಮುದ್ರಿಸಿಕೊಂಡ ಆ ತಂಡದ ಟ್ರೆಂಟ್ ರೆಜ್ನರ್, 1989ರಲ್ಲಿ ‘ಪ್ರೆಟಿ ಹೇಟ್ ಮಷೀನ್’ ಆಲ್ಬಮನ್ನು ಹೊರತಂದನು. ಅದರಲ್ಲಿ ಕುಣಿಯಲೊಪ್ಪುವ ತಾಳವಾದರೂ ಇದ್ದಿತು, 1992ರ ‘ಬ್ರೋಕನ್’ನಲ್ಲಿ ಗಿಟಾರುಗಳು ಗರಗಸಗಳಾದುವು, 1994ರ ‘ದಿ ಡೌನ್‌ವರ್ಡ್ ಸ್ಪೈರಲ್’ನಲ್ಲಿ ಆರ್ಭಟದ ನಡುವೆ ಪಿಸುಮಾತು ಹೊಕ್ಕಿತು, 2008ರ ‘ಘೋಸ್ಟ್ಸ್’ ಹೊತ್ತಿಗೆ ಸಾಹಿತ್ಯವೇ ಉದುರಿಹೋಗಿ ಮೂವತ್ತಾರು ವಾದ್ಯಕೃತಿಗಳು ಉಳಿದುವು. ಅದೇ ವರ್ಷ ಆ ಪುಣ್ಯಾತ್ಮನು ‘ದಿ ಸ್ಲಿಪ್’ ಎಂಬುದನ್ನು, 24 ಬಿಟ್, 96 ಕಿಲೋಹರ್ಟ್ಸ್‌ನ ಅತಿಸೂಕ್ಷ್ಮ ಧ್ವನಿರೂಪವನ್ನೂ ಸೇರಿಸಿ, ಪುಕ್ಕಟೆಯಾಗಿ ಹಂಚಿದನು. ನಾನು ಕೆಟ್ಟದ್ದು ಅಲ್ಲಿಂದ.

ಎಂಪಿ3 ಎಂಬ ಧ್ವನಿಕಡತವು, ಕಿವಿಗೆ ತಿಳಿಯಲಾರದೆಂದು ತಾನೇ ತೀರ್ಮಾನಿಸಿ, ಸೀರೆಯ ಸೆರಗು ಕತ್ತರಿಸಿ ಪೆಟ್ಟಿಗೆಗೆ ತುಂಬುವ ಜಾತಿ. ಫ್ಲ್ಯಾಕ್ ಎಂಬ ಇನ್ನೊಂದು ಬಗೆಯ ಕಡತವಾದರೆ ಒಂದೆಳೆಯೂ ಹರಿಯದಂತೆ ಮಡಿಸಿಡುತ್ತದೆ. ಆದರೆ ಅದು ಮಡಿಸುವುದು, ಮುಂದಿನ ಧ್ವನಿ ಹೇಗಿದ್ದೀತೆಂದು ಹಿಂದಿನದರಿಂದ ಊಹಿಸಿ. ರೆಜ್ನರನ ಘರ್ಜನೆಯೆದುರು ಆ ಊಹೆ ಪದೇಪದೇ ಸೋಲುವುದರಿಂದ ಕಡತಗಳು ಕುಂಭಕರ್ಣರಂತೆ ಬೆಳೆಯುತ್ತವೆ. ಗದ್ದಲವು ಮಡಿಕೆಗೆ ಬಗ್ಗದು.

ಈ ಕಡತಗಳನ್ನು ನುಡಿಸಲೆಂದು ಕೊಂಡ ಹೊಸ ಯಂತ್ರ ಬಂದ ರಾತ್ರಿ ಎಡಗಡೆಯ ಸ್ಪೀಕರಿನಿಂದ, ಒಣಗಿದ ಮುತ್ತುಗದೆಲೆಯನ್ನು ಯಾರೋ ಮೆಲ್ಲಮೆಲ್ಲನೆ ಹಿಸುಕುತ್ತಿರುವಂತಹ ಒಂದು ಪರಪರ ಧ್ವನಿ ಕೇಳಿಸಿತು. ಎಂಪಿ3 ಇಷ್ಟು ವರ್ಷ ನನ್ನಿಂದ ಅಪಹರಿಸಿದ್ದ ಸೂಕ್ಷ್ಮವಿದೇ ಎಂದು ರೋಮಾಂಚನವಾಯಿತು. ತಿಂಗಳೊಂದರವರೆಗೆ, ಬಂದ ಅತಿಥಿಗಳನ್ನೆಲ್ಲ ಎಡಗಡೆಗೇ ಕೂರಿಸಿ ಆ ಪರಪರವನ್ನು ವ್ಯಾಖ್ಯಾನಿಸಿದೆನು. ಒಬ್ಬಿಬ್ಬರು ಕಣ್ಣು ಮುಚ್ಚಿ ತಲೆದೂಗಿದರು.

ಒಂದು ಭಾನುವಾರ ನನ್ನಾಕೆ ಮಲ್ಲಿಕಾರ್ಜುನ ಮನ್ಸೂರರ ಆಲಾಪವನ್ನು ಹಾಕಿದಳು. ಐದು ನಿಮಿಷ ಕೇಳಿ, “ರೀ, ಮನ್ಸೂರರಿಗೂ ಆ ನಿಮ್ಮ ಸೂಕ್ಷ್ಮ ಅಂಟಿಕೊಂಡಿದೆ, ಬನ್ನಿ” ಎಂದು ಕರೆದಳು.

ರಿಪೇರಿಯವನು ಬಂದು, ಆ ಸ್ಪೀಕರಿನ ಕೋನಿನ ಕಾಗದವು ಒಂದಂಗುಲ ಹರಿದಿರುವುದನ್ನು ಬೆರಳಿಟ್ಟು ತೋರಿಸಿ, ಗೋಂದು ಹಚ್ಚಿ, ಮುನ್ನೂರು ರೂಪಾಯಿ ಪಡೆದು ಹೋದನು. ಮನ್ಸೂರರು ಈಗ ನಿರ್ಮಲವಾಗಿ ಹಾಡುತ್ತಿದ್ದಾರೆ. ‘ಬ್ರೋಕನ್’ ಮಾತ್ರ ಅಂದಿನಿಂದ ನನಗೆ ಕೊಂಚ ಸಪ್ಪೆ.