ತತ್ತಿ ಸುರುಳಿ ಮೀಮಾಂಸೆ: ನವಲಗುಂದ ಪಾಠದ ಪರಿಷ್ಕರಣೆ

ಈ ಸಂಪ್ರಬಂಧದ ವಸ್ತು ಜಪಾನಿನ ‘ತಮಾಗೊಯಾಕಿ’. ತಮಾಗೊ ಎಂದರೆ ತತ್ತಿ, ಯಾಕಿ ಎಂದರೆ ಸುಟ್ಟದ್ದು ಅಥವಾ ಹುರಿದದ್ದು ಎಂದು ಆ ದೇಶದವರು ಹೇಳುತ್ತಾರೆ. ಅವರ ಮಾತನ್ನೇ ನಂಬುವುದಾದರೆ ಸಂಶೋಧನೆ ಏತಕ್ಕೆ? ಧಾರವಾಡ ಸೀಮೆಯ ಕಿವಿಗೆ ಇದು ‘ತಮ್ಮಗ ಯಾಕ?’ ಎಂಬ ಅಚ್ಚಗನ್ನಡ ಪ್ರಶ್ನೆ. ಒಂದು ಮಕಾರ ಬಿದ್ದಿದೆ, ಸ್ವರಗಳು ಅತ್ತಿತ್ತ ಸರಿದಿವೆ. ಸಮುದ್ರ ದಾಟಿದ ಮಾತಿಗೆ ಇಷ್ಟು ಜಖಂ ಸಹಜ. ಕೇಶಿರಾಜನ ‘ಶಬ್ದಮಣಿದರ್ಪಣ’ದಲ್ಲಿ ಇದಕ್ಕೆ ಸೂತ್ರವಿಲ್ಲ, ಕೂಡದೆಂಬ ಸೂತ್ರವೂ ಇಲ್ಲ. ಆದರೆ ತತ್ತಿಗೂ ತಮ್ಮನಿಗೂ ಏನು ಸಂಬಂಧವೆಂಬುದಕ್ಕೆ ಆಧಾರ ಸಿಗದೆ ಈ ವಾದವನ್ನು ಸದ್ಯಕ್ಕೆ ಗಂಟು ಕಟ್ಟಿ ನಾಗೊಂದಿಗೆಯ ಮೇಲಿಟ್ಟಿದ್ದೇನೆ.

ಕಾಲವಿಚಾರ. ತತ್ತಿಯ ಅಡುಗೆಗಳಿಗೆ ಹೆಸರಾದ ‘ಮಂಪೋ ರ‍್ಯೋರಿ ಹಿಮಿತ್ಸುಬಾಕೊ’ ಜಪಾನಿನಲ್ಲಿ ಪ್ರಕಟವಾದದ್ದು 1785ರಲ್ಲಿ. ಅದೇ ವರ್ಷ ನಮ್ಮ ಪಕ್ಕದ ನರಗುಂದದ ಕೋಟೆಗೆ ಟೀಪುವಿನ ಸೈನ್ಯ ಮುತ್ತಿಗೆ ಹಾಕಿ ಕೂತಿತ್ತು. ತತ್ತಿ ಸುತ್ತುತ್ತ ಕೂಡ್ರಲು ಇಲ್ಲಿ ಯಾರಿಗೂ ಪುರುಸೊತ್ತಿರಲಿಲ್ಲ ಎಂಬುದು ಇದರಿಂದ ಸಿದ್ಧ. ಇನ್ನು ತವರಿನ ಪ್ರಶ್ನೆ. ಆದಿಕವಿ ಪಂಪನ ತಾಯಿಯ ಕಡೆಯ ನಂಟು ನಮ್ಮ ಸೀಮೆಯ ಅಣ್ಣಿಗೇರಿಯದೆನ್ನಲು ಕುರ್ಕ್ಯಾಲದ ಶಾಸನವಿದೆ. ಆಮ್ಲೆಟ್ಟಿನ ತವರಿಗೆ ಅಂಥದೊಂದು ಕಲ್ಲೂ ಇಲ್ಲ. ಪಂಪ ಜೈನ. ತತ್ತಿಯ ವ್ಯಾಜ್ಯಕ್ಕೆ ಅವನನ್ನು ಸಾಕ್ಷಿ ಕರೆಯುವುದು ಸಭ್ಯತೆಯಲ್ಲ.

ಪೂರ್ವಪಕ್ಷವನ್ನು ನಮ್ಮ ಅವ್ವ ಮಂಡಿಸಿದಳು: “ಅಡಗಿಮನ್ಯಾಗ ತತ್ತಿ ಒಡದ್ರ ನಾ ಇವತ್ತ ಉಣ್ಣಂಗಿಲ್ಲ ನೋಡು. ರೊಟ್ಟಿ ಹಂಚ ಮುಟ್ಟಿಗಿಟ್ಟೀ!” ಸರ್ಕಾರಿ ಶಾಲೆಯಲ್ಲಿ ತತ್ತಿ ಒಲ್ಲದ ಮಕ್ಕಳಿಗೆ ಬಾಳೆಹಣ್ಣು ಕೊಟ್ಟು ರಾಜಿ ಮಾಡುವ ಪದ್ಧತಿಯುಂಟು; 2025ರವರೆಗೆ ಚಿಕ್ಕಿಯೂ ಇತ್ತು. ಚಿಕ್ಕಿ ಸುರುಳಿ ಸುತ್ತುವುದಿಲ್ಲ. ಆದ್ದರಿಂದ ಪ್ರಯೋಗಶಾಲೆ ಹಿತ್ತಲದ ಮೂರು ಕಲ್ಲಿನ ಒಲೆಗೆ ವರ್ಗವಾಯಿತು. ತತ್ತಿ ತಂದುಕೊಟ್ಟವನು ತಮ್ಮ. ತಂದಿಟ್ಟು ಹೊಲಕ್ಕೆ ಹೋದ.

ಜಪಾನಿನ ಮೂಲಪಾಠ ಚೌಕು ಬಾಣಲೆಯನ್ನು ವಿಧಿಸುತ್ತದೆ. ನಮ್ಮ ಹಂಚು ದುಂಡಗೆ, ರೊಟ್ಟಿ ದುಂಡಗೆ, ಲೋಕವೇ ದುಂಡಗೆ. 15 ಕಿಲೋ ಎಣ್ಣೆ ಡಬ್ಬಿಯ ಒಂದು ಮಗ್ಗುಲು ಕತ್ತರಿಸಿ, ಅಂಚು ಮಡಚಿ ಚೌಕು ಸಾಧಿಸಿದೆ. ನಾಲ್ಕು ತತ್ತಿ ಆ ತಗಡಿಗೆ ಅಂಟಿ ಶಾಸ್ತ್ರಾರ್ಪಣವಾದವು. ವೈನಿ ಏನೂ ಅನ್ನದೆ ತನ್ನ ಹಳೇ ಕಬ್ಬಿಣದ ಹಂಚು ಇಟ್ಟು, ಅರ್ಧ ಉಳ್ಳಾಗಡ್ಡಿಯನ್ನು ಎಣ್ಣೆಯಲ್ಲಿ ಅದ್ದಿ ಹಂಚಿನ ತುಂಬ ತಿಕ್ಕಿದಳು. ಜಪಾನೀಯರು ಇದೇ ಕೆಲಸವನ್ನು ಮಡಚಿದ ಕಾಗದದಿಂದ ಮಾಡುತ್ತಾರೆ, ಪಾಪ.

ರಸವಿಚಾರ. ಅಲ್ಲಿ ತತ್ತಿಗೆ ‘ದಾಶಿ’ ಎಂಬ ತಿಳಿಸಾರು ಬೆರೆಸುವುದುಂಟು. ಅದಕ್ಕೆ ಬಳಸುವ ಕೊಂಬು ಎಂಬ ಕಡಲಪಾಚಿಯಿಂದ ಕಿಕುನಾಯೆ ಇಕೆದಾ 1908ರಲ್ಲಿ ಗ್ಲುಟಮೇಟ್ ಬೇರ್ಪಡಿಸಿ, ಆ ರುಚಿಯನ್ನು ‘ಉಮಾಮಿ’ ಎಂದು ಕರೆದ. ನಮ್ಮಲ್ಲಿ ಕಡಲಿಲ್ಲ, ಬೆಣ್ಣಿಹಳ್ಳವಿದೆ. ಅದರ ಪಾಚಿಯನ್ನು ಶಿಫಾರಸು ಮಾಡಲಾರೆ. ತೊಗರಿಬ್ಯಾಳಿಯ ಕಟ್ಟು ಮೂರು ಚಮಚ ಸಾಕು. ನಾಲ್ಕು ತತ್ತಿ, ಉಳ್ಳಾಗಡ್ಡಿ ತಪ್ಪಲ, ಕೋತಂಬರಿ, ಗಜ್ಜರಿ, ಉಪ್ಪು. ಹಸಿಮೆಣಸಿನಕಾಯಿ ಪ್ರಕ್ಷಿಪ್ತವೆಂದು ನನ್ನ ನಿಲುವು. ವೈನಿಯ ಪ್ರತಿಯಲ್ಲಿ ಮಾತ್ರ ಅದೇ ಮೂಲ. ಗಜ್ಜರಿಯನ್ನು ನಾನು ದಪ್ಪ ಹೆಚ್ಚಿದ್ದೆ. ಸುತ್ತುವಾಗ ಒಂದೊಂದು ಹೋಳೂ ಪದರ ಹರಿದುಕೊಂಡು ಹೊರಗೆ ಇಣುಕಿತು. ತುರಿಯಬೇಕಿತ್ತು.

ಅಗ್ನಿವಿಚಾರದಲ್ಲಿ ಇನ್ನೊಂದು ವಿಘ್ನ. ಹತ್ತಿಕಟಗಿಯ ಉರಿ ಹುಟ್ಟಾ ದ್ರುತ್. ಗಾಯಕ ಸವಾಯಿ ಗಂಧರ್ವರ ಕುಂದಗೋಳ ನಮ್ಮ ಜಿಲ್ಲೆಯಲ್ಲೇ ಇದ್ದೂ ಒಲೆಗೆ ವಿಲಂಬಿತ ಗೊತ್ತಿಲ್ಲ. ಕೊನೆಗೆ ಕುಳ್ಳಿನ ಕೆಂಡದ ಮೇಲೆ ಲಯ ಕೂತಿತು. ತೆಳ್ಳಗೊಂದು ಪದರ ಹೊಯ್ದು, ಮೇಲ್ಮೈ ಇನ್ನೂ ಹಸಿಯಿರುವಾಗಲೇ ಸುತ್ತಿ, ಸುರುಳಿಯನ್ನು ಅಂಚಿಗೆ ತಳ್ಳಬೇಕು. ಮತ್ತೆ ಉಳ್ಳಾಗಡ್ಡಿ ತಿಕ್ಕಿ, ಮತ್ತೆ ಹೊಯ್ದು, ಸುರುಳಿಯನ್ನು ಕೊಂಚ ಎತ್ತಿ ಹಸಿತತ್ತಿ ಅದರಡಿ ಹರಿಯಲು ಬಿಡಬೇಕು. ಪದರ ಪೂರ್ತಿ ಒಣಗಿದರೆ ಒಂದಕ್ಕೊಂದು ಹತ್ತುವುದಿಲ್ಲ. ಇಲ್ಲಿ ನಾನು ತಡವರಿಸಿದೆ. ವೈನಿ ಮಾತ್ರ ಮದುವೆ ಮುಗಿದ ಮೇಲೆ ನವಲಗುಂದದ ಜಮಖಾನಿ ಸುತ್ತಿಡುವಂತೆ, ಎರಡೂ ಕೈಯಿಂದ ಒತ್ತೊತ್ತಿ ಸುತ್ತಿದಳು. ಅವಳ ಒಂದು ಕೈಯಲ್ಲಿ ಸೌಟು, ರೊಟ್ಟಿ ಬಡಿಯುವ ಇನ್ನೊಂದರಲ್ಲಿ ಬರಿಬೆರಳು. ಜಪಾನಿನ ಸುರುಳಿವಿದ್ಯೆ ನವಲಗುಂದದ ಮಗ್ಗದಿಂದಲೇ ಹೋಗಿರಬೇಕೆಂಬ ನನ್ನ ಸಿದ್ಧಾಂತ ಹುಟ್ಟಿದ್ದು ಆ ಕ್ಷಣದಲ್ಲಿ.

ದುಂಡು ಹಂಚಿನ ಫಲವಾಗಿ ಸುರುಳಿ ನಡು ದಪ್ಪ, ತುದಿ ಸಪೂರವಾಗಿ, ಕಲಘಟಗಿ ತೊಟ್ಟಿಲಲ್ಲಿ ಅರಿವೆ ಸುತ್ತಿ ಮಲಗಿಸಿದ ಕೂಸಿನಂತೆ ಕಂಡಿತು. ಎರಡೂ ತುದಿ ಕತ್ತರಿಸಿದೆವು. ಗ್ರಂಥಸಂಪಾದನೆಯ ನಿಯಮದಂತೆ ತುದಿಗಳು ಸಂಪಾದಕನಿಗೆ. ನಡುವಿನ ಆರು ಹೋಳು ಮಕ್ಕಳು ಮತ್ತು ವೈನಿ ಗುರೆಳ್ಳು ಚಟ್ನಿ ಹಚ್ಚಿಕೊಂಡು, ನಾನು ಅಳತೆ ಬರೆದುಕೊಳ್ಳುವ ಮೊದಲೇ, ತಿಂದು ಮುಗಿಸಿದರು.

ಇಷ್ಟೊತ್ತು ಹಿತ್ತಲ ಬಾಗಿಲಲ್ಲಿ ಸೆರಗು ಮೂಗಿಗೆ ಹಿಡಿದು ನಿಂತಿದ್ದ ಅವ್ವ ಖಾಲಿ ತಾಟು ನೋಡಿದಳು.

“ಎಲ್ಲಾ ನೀವ ತಿಂದ್ರಿ. ತಮ್ಮಗ ಯಾಕ ಇಡ್ಲಿಲ್ಲ?”

ನಾಗೊಂದಿಗೆಯ ಮೇಲಿನ ಗಂಟು ಬಿಚ್ಚಿದೆ. ವ್ಯುತ್ಪತ್ತಿಗೆ ಆಧಾರ ಸಿಕ್ಕಿತು. ತಮ್ಮಗ ಕೊಡಲು ತತ್ತಿ ಮಾತ್ರ ಒಂದೂ ಉಳಿದಿರಲಿಲ್ಲ.